ಬಡ್ತಿ ಹಿಂದಿನ ತಾರೀಖಿಗೆ, ಸಂಬಳ ಇಂದಿನಿಂದ

ಮುಂಬಯಿಯ ಮಾಟುಂಗಾದಲ್ಲಿ ಕನ್ನಡದ ಕಾರ್ಯಕ್ರಮ ಮುಗಿದು ಎಲ್ಲರೂ ಚಹಾಕ್ಕೆ ನಿಂತಿದ್ದೆವು. ಪರಿಚಯದ ಒಬ್ಬರು ಪ್ಲಾಸ್ಟಿಕ್ ಕವರಿನಿಂದ ಒಂದು ಆರ್ಡರ್ ತೆಗೆದು ಕೈಗಿಟ್ಟರು. ಮಹಾರಾಷ್ಟ್ರ ಸರ್ಕಾರದ ಒಂದು ಕಚೇರಿಯಲ್ಲಿ ಗುಮಾಸ್ತರಾಗಿ ಸೇರಿದವರು. ಜ್ಯೇಷ್ಠತಾ ಯಾದಿಯಲ್ಲಿ ಆದ ತಪ್ಪಿನಿಂದ ಅವರ ಜೂನಿಯರ್‌ಗೆ ಆರು ವರ್ಷ ಮೊದಲೇ ಬಡ್ತಿ ಆಗಿತ್ತು. ಈಗ ಕಚೇರಿ ತಪ್ಪು ಒಪ್ಪಿಕೊಂಡು, ಜೂನಿಯರ್‌ಗೆ ಬಡ್ತಿಯಾದ ದಿನದಿಂದಲೇ ಇವರಿಗೂ 'ಮಾನೀವ ದಿನಾಂಕ', ಅಂದರೆ ಅಂದೇ ಬಡ್ತಿ ಆಗಿತ್ತೆಂದು ಭಾವಿಸುವ ತಾರೀಖು, ಕೊಟ್ಟಿದೆ. ಮರಾಠಿಯ ಕೊನೆಯ ಸಾಲಿನ ಮೇಲೆ ಬೆರಳಿಟ್ಟರು: 'ಥಕಬಾಕಿ ಅನುಜ್ಞೇಯ ರಾಹಣಾರ ನಾಹಿ'. ಅಂದರೆ, ಹಿಂಬಾಕಿ ಸಿಗುವುದಿಲ್ಲ.

"ಎಲ್ಲ ಕೊಟ್ಟಿದ್ದಾರೆ, ಏನೂ ಕೊಟ್ಟಿಲ್ಲ" ಎಂದರು.

ಏನೂ ಕೊಟ್ಟಿಲ್ಲ ಅನ್ನೋದು ಪೂರ್ತಿ ನಿಜವಲ್ಲ. ಮಾನೀವ ದಿನಾಂಕ ಸಿಕ್ಕರೆ ಸೀನಿಯಾರಿಟಿ ಸರಿಹೋಗುತ್ತದೆ. ಆರು ವರ್ಷದ ಇನ್‌ಕ್ರಿಮೆಂಟ್ ಲೆಕ್ಕ ಹಾಕಿ ಇಂದಿನ ಸಂಬಳ ಹೆಚ್ಚಿಸುತ್ತಾರೆ, ಮುಂದೆ ಪಿಂಚಣಿಯೂ ಏರುತ್ತದೆ. ಕೈತಪ್ಪುವುದು ನಡುವಿನ ವರ್ಷಗಳ ವ್ಯತ್ಯಾಸದ ಹಣ. ತಿಂಗಳಿಗೆ 4,000 ರೂಪಾಯಿ ಅಂತ ಹಿಡಿದರೂ 72 ತಿಂಗಳಿಗೆ 2,88,000. ಸುಮ್ನೆ ಬಿಡುವ ಮೊತ್ತವೇ ಅದು?

ಆ ಸಾಲು ಯಾರೋ ಗುಮಾಸ್ತರ ಕಿಡಿಗೇಡಿತನವಲ್ಲ, ಅದಕ್ಕೂ ಒಂದು ವಂಶಾವಳಿ ಇದೆ. ಕೇಂದ್ರದ ಮೂಲ ನಿಯಮ 17(1)ರ ಪ್ರಕಾರ ಹುದ್ದೆಯ ಸಂಬಳ ಶುರುವಾಗುವುದು ಆ ಹುದ್ದೆಯ ಕೆಲಸ ವಹಿಸಿಕೊಂಡ ದಿನದಿಂದ. ಮಹಾರಾಷ್ಟ್ರದ 1981ರ ವೇತನ ನಿಯಮಗಳಲ್ಲೂ ಇದೇ ಧಾಟಿ. ಬಡ್ತಿಯಿಂದ ಜವಾಬ್ದಾರಿ ಹೆಚ್ಚುವುದಾದರೆ, ಹೆಚ್ಚಿನ ಸಂಬಳ ಹೊಸ ಕುರ್ಚಿಯಲ್ಲಿ ಕೂತ ಮೇಲೆಯೇ. ಕೆಲಸ ಮಾಡದವನಿಗೆ ಕೂಲಿ ಇಲ್ಲ ಅನ್ನುವ ಹಳೇ ಲೆಕ್ಕ. ಕುರ್ಚಿಯಲ್ಲಿ ಕೂರಲು ಬಿಡದವರು ಯಾರು ಅನ್ನುವ ಪ್ರಶ್ನೆಗೆ ಮಾತ್ರ ನಿಯಮದಲ್ಲಿ ಜಾಗವಿಲ್ಲ.

1989ರಲ್ಲಿ ಆರ್ಡ್ನೆನ್ಸ್ (ಸೇನೆಯ ಮದ್ದುಗುಂಡು) ಫ್ಯಾಕ್ಟರಿಗಳ ಸೂಪರ್‌ವೈಸರ್‌ಗಳ ಕೇಸು ಸುಪ್ರೀಂ ಕೋರ್ಟಿಗೆ ಬಂತು. ಪಾಲೂರು ರಾಮಕೃಷ್ಣಯ್ಯ ಪ್ರಕರಣ ಎಂದೇ ಹೆಸರು. ಪುಣೆಯ ಖಡ್ಕಿ, ಇತ್ತ ಅಂಬರನಾಥ ಕಡೆ ಫ್ಯಾಕ್ಟರಿಯಲ್ಲಿ ದುಡಿದವರ ಮನೆಗಳಲ್ಲಿ ಇಂಥ ಕೇಸುಗಳ ಮಾತು ಹೊಸದೇನಲ್ಲ. ಹಿಂದಿನ ತಾರೀಖಿನ ಬಡ್ತಿ ಸರಿ, ಆದರೆ ಮೇಲಿನ ಹುದ್ದೆಯಲ್ಲಿ ದುಡಿಯದ ಅವಧಿಗೆ ಹಿಂಬಾಕಿ ಇಲ್ಲ ಎಂದಿತು ಕೋರ್ಟು.

ಎರಡೇ ವರ್ಷದಲ್ಲಿ ಗಾಳಿ ತಿರುಗಿತು. 1991ರ ಆಗಸ್ಟ್‌ನಲ್ಲಿ ಬಂದ ಜಾನಕಿರಾಮನ್ ತೀರ್ಪನ್ನು ಬರೆದವರು ಬಾಂಬೆ ಹೈಕೋರ್ಟಿನಿಂದ ದಿಲ್ಲಿಗೆ ಹೋಗಿದ್ದ ನ್ಯಾಯಮೂರ್ತಿ ಪಿ.ಬಿ. ಸಾವಂತ್. ಪ್ರಶ್ನೆ ಇದ್ದದ್ದು ಮುಚ್ಚಿದ ಲಕೋಟೆಯದು. ಇಲಾಖಾ ವಿಚಾರಣೆ ಇರುವ ನೌಕರನ ಬಡ್ತಿ ಶಿಫಾರಸನ್ನು ಲಕೋಟೆಯಲ್ಲಿಟ್ಟು ಸೀಲ್ ಮಾಡುತ್ತಿದ್ದರು. ಅವನು ನಿರ್ದೋಷಿ ಎಂದಾದ ಮೇಲೆ ಲಕೋಟೆ ಒಡೆದು ಬಡ್ತಿ ಕೊಡುತ್ತಿದ್ದರು, ಹಿಂಬಾಕಿ ಮಾತ್ರ ಇಲ್ಲ. ಕೇಂದ್ರದ 1982ರ ಜ್ಞಾಪನದಲ್ಲಿ ಹಾಗೇ ಬರೆದಿತ್ತು. ಕೋರ್ಟು ಅದನ್ನು ಒಪ್ಪಲಿಲ್ಲ. ಕೆಲಸ ಮಾಡಲು ಸಿದ್ಧನಿದ್ದವನನ್ನು, ಅವನ ತಪ್ಪಿಲ್ಲದೆ, ಮೇಲಿನವರೇ ದೂರವಿಟ್ಟಿದ್ದಾರೆ. ಅಂಥವನಿಗೆ 'ಕೆಲಸವಿಲ್ಲ, ಸಂಬಳವಿಲ್ಲ' ಅನ್ನಲಾಗದು ಎಂದಿತು. ಚಾರ್ಜ್‌ಶೀಟ್ ಕೊಡುವ ಮೊದಲೇ ಲಕೋಟೆ ಸೀಲ್ ಮಾಡುವುದಕ್ಕೂ ತಡೆ ಬಿತ್ತು. ಒಂದು ಕಿಂಡಿಯನ್ನೂ ಬಿಟ್ಟರು: ವಿಚಾರಣೆ ಎಳೆದದ್ದು ನೌಕರನೇ ಆಗಿದ್ದರೆ, ಅಥವಾ ಸಂಶಯದ ಲಾಭದಿಂದ ಪಾರಾಗಿದ್ದರೆ, ಎಷ್ಟು ಕೊಡಬೇಕೆಂದು ಅಧಿಕಾರಿಯೇ ಕಾರಣ ಬರೆದು ನಿರ್ಧರಿಸಬಹುದು.

ಆಮೇಲೆ ಸರ್ಕಾರಿ ವಕೀಲರು ಹಿಡಿದ ದಾರಿ ಸುಲಭದ್ದು. ಜಾನಕಿರಾಮನ್ ಲಕೋಟೆ ಕೇಸಿಗಷ್ಟೇ, ಬರೀ ಆಡಳಿತದ ತಪ್ಪಿಗೆ ಪಾಲೂರು ಅನ್ವಯ ಎಂಬ ವಾದ. ನನಗೆ ಇದು ತಲೆಕೆಳಗಾಗಿ ಕಾಣುತ್ತದೆ. ಆರೋಪ ಹೊತ್ತವನಿಗೆ ಹಣ ಸಿಗಬಹುದು, ಆರೋಪವೇ ಇಲ್ಲದವನಿಗೆ ಇಲ್ಲ ಅಂದರೆ ಹೇಗೆ ಅಲ್ವಾ? 2007ರಲ್ಲಿ ಕೇರಳದ ಭಾಸ್ಕರನ್ ಪಿಳ್ಳೈ ಪ್ರಕರಣದಲ್ಲಿ ಕೋರ್ಟು, ಇದಕ್ಕೆ ಒಂದೇ ಸೂತ್ರವಿಲ್ಲ, ಆಯಾ ಪ್ರಕರಣ ನೋಡಿಯೇ ತೀರ್ಮಾನ ಎಂದಿತು. 2015ರಲ್ಲಿ ಸೇನೆಯ ರಮೇಶ್ ಕುಮಾರ್ ಎಂಬವರಿಗೆ ಹಿಂಬಾಕಿ ಕೊಡಿಸಿತು, ತಪ್ಪು ಅವರದಾಗಿರಲಿಲ್ಲ.

ಎಲ್ಲರ ಅದೃಷ್ಟ ಹಾಗಿರುವುದಿಲ್ಲ. ಪಶ್ಚಿಮ ಬಂಗಾಳದ ಒಬ್ಬ ಅಧಿಕಾರಿ 2016ರ ಡಿಸೆಂಬರ್ 31ಕ್ಕೆ ನಿವೃತ್ತರಾದರು. ಅವರ ಬಡ್ತಿಗೆ ಕೊನೆಯ ಮಂಜೂರಾತಿ ಬಂದದ್ದು 2017ರ ಜನವರಿ 4ಕ್ಕೆ. ನಾಲ್ಕು ದಿನ! ಮೇಲಿನ ಹುದ್ದೆ ವಹಿಸಿಕೊಳ್ಳದವರಿಗೆ ಕಾಗದದ ಮೇಲಷ್ಟೇ ಇರುವ ಕಾಲ್ಪನಿಕ ಬಡ್ತಿಯೂ ಇಲ್ಲ ಎಂದು 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಬಡ್ತಿಗೆ ಪರಿಗಣಿಸಬೇಕೆಂದು ಕೇಳುವ ಹಕ್ಕಿದೆ, ಹುದ್ದೆ ಖಾಲಿಯಾದ ದಿನದಿಂದಲೇ ಬಡ್ತಿ ಬೇಕೆನ್ನುವ ಹಕ್ಕಿಲ್ಲ.

ಹಣ ಜಾಸ್ತಿ ಸೋರುವುದು ತಡದಲ್ಲಿ. 2008ರ ತರ್ಸೇಮ್ ಸಿಂಗ್ ತೀರ್ಪಿನ ಪ್ರಕಾರ, ತಪ್ಪು ವೇತನ ನಿಗದಿಯಂಥ ಮುಂದುವರಿಯುವ ಅನ್ಯಾಯಕ್ಕೆ ತಡವಾಗಿ ಬಂದರೂ ಕೇಳಬಹುದು, ಆದರೆ ಬಾಕಿ ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷದ್ದಷ್ಟೇ. ಮೇಲಿನ ಲೆಕ್ಕದಲ್ಲಿ ಹೆಚ್ಚೆಂದರೆ 1,44,000. ಸೀನಿಯಾರಿಟಿ, ಬಡ್ತಿಯ ಜಗಳವಾದರೆ ಇನ್ನೂ ಕಷ್ಟ. ಬೇರೆಯವರ ಸ್ಥಾನ ಅಲುಗುತ್ತದೆ ಎಂಬ ಕಾರಣಕ್ಕೆ ಹಳೇ ಅರ್ಜಿ ಬಿದ್ದೇ ಹೋಗಬಹುದು. ವರ್ಷಕ್ಕೊಂದು ಮನವಿ ಕೊಡುತ್ತಾ ಕೂತರೆ ಅವಧಿ ಬೆಳೆಯುವುದಿಲ್ಲ.

ಎಲ್ಲಿಗೆ ಹೋಗಬೇಕು? ಕೇಂದ್ರದ ನೌಕರರಿಗೆ 1985ರಿಂದ ಕೇಂದ್ರ ಆಡಳಿತ ನ್ಯಾಯಮಂಡಳಿ ಇದೆ, ಮುಂಬಯಿಯಲ್ಲಿ ಪೀಠವಿದೆ. ರಾಜ್ಯದವರಿಗೆ 1991ರಲ್ಲಿ ಶುರುವಾದ ಮಹಾರಾಷ್ಟ್ರ ಆಡಳಿತ ನ್ಯಾಯಮಂಡಳಿ, ಬಾಯಿಮಾತಿನಲ್ಲಿ 'ಮ್ಯಾಟ್'. ಮಹಾನಗರಪಾಲಿಕೆಯವರು ಮ್ಯಾಟ್‌ಗೆ ಹೋಗುವಂತಿಲ್ಲ, ಅವರ ದಾರಿ ಬೇರೆ. ನ್ಯಾಯಮಂಡಳಿಗೆ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಹೋಗಬೇಕು. ಮನವಿಗೆ ಉತ್ತರವೇ ಬರದಿದ್ದರೆ ಆರು ತಿಂಗಳು ಕಾದು, ಅಲ್ಲಿಂದ ಒಂದು ವರ್ಷ. 1997ರ ಚಂದ್ರ ಕುಮಾರ್ ತೀರ್ಪಿನ ನಂತರ ಅದರ ಮೇಲೆ ಹೈಕೋರ್ಟಿಗೆ ಹೋಗುವ ಅವಕಾಶವೂ ಇದೆ.

ಇದನ್ನೆಲ್ಲ ಹೇಳಿ ಮುಗಿಸುವಾಗ ಚಹಾ ಆರಿತ್ತು. "ಆರ್ಡರ್ ಕೈಗೆ ಸಿಕ್ಕಿದ್ದು ಯಾವಾಗ?" ಎಂದು ಕೇಳಿದೆ. ಅವರು ಕಾಗದ ತಿರುಗಿಸಿ, ಹಿಂದೆ ತಾವೇ ಪೆನ್ಸಿಲಿನಲ್ಲಿ ಬರೆದುಕೊಂಡಿದ್ದ ತಾರೀಖು ನೋಡಿದರು. ಬೆರಳಲ್ಲಿ ಎಣಿಸಿದರು. ಹತ್ತು ತಿಂಗಳು ಕಳೆದಿತ್ತು. ಲೋಟ ಅಲ್ಲೇ ಇಟ್ಟು, ವಕೀಲರ ನಂಬರಿಗಾಗಿ ಮಗಳಿಗೆ ಫೋನ್ ಹಚ್ಚಿದರು.