ಬೆಲೆ ಕಟ್ಟಿದಿರಿ, ಜೇಬಿನ ದುಡ್ಡು?

ಅರ್ಥಶಾಸ್ತ್ರದ ತರಗತಿಯಲ್ಲಿ ಯುದ್ಧಕಾಲದ ಬೆಲೆ ನಿಯಂತ್ರಣದ ಪಾಠ ಬಂತೆಂದರೆ ವಿದ್ಯಾರ್ಥಿಗಳು ಎರಡು ಬಣವಾಗುತ್ತಾರೆ. ಸರ್ಕಾರ ಸುಮ್ನೆ ಕೂತರೆ ಬಡವರ ಗತಿ ಏನು ಎನ್ನುತ್ತದೆ ಒಂದು ಬಣ. ಇದಕ್ಕಿಂತ ಹೆಚ್ಚಿಗೆ ಮಾರಬಾರದು ಎಂದು ಬೆಲೆ ಕಟ್ಟಿದರೆ ಸರಕೇ ಮಾಯ ಎನ್ನುತ್ತದೆ ಇನ್ನೊಂದು. ಇಬ್ಬರಿಗೂ ನನ್ನ ಪ್ರಶ್ನೆ ಒಂದೇ: ಜನರ ಜೇಬಿನ ದುಡ್ಡನ್ನು ಏನು ಮಾಡ್ತೀರಿ?

ಯುದ್ಧದಲ್ಲಿ ಕಾರ್ಖಾನೆಗಳು ಹಗಲೂ ರಾತ್ರಿ ನಡೆಯುತ್ತವೆ. ಕೆಲಸ ಇದೆ, ಸಂಬಳ ಇದೆ. ಆದರೆ ತಯಾರಾಗುವುದು ಟ್ಯಾಂಕು, ವಿಮಾನ. ಅವನ್ನು ಯಾರೂ ಮನೆಗೆ ಕೊಂಡು ಹೋಗುವುದಿಲ್ಲ, ಅಲ್ವಾ? ಕೈಯಲ್ಲಿ ದುಡ್ಡು ಜಾಸ್ತಿ, ಅಂಗಡಿಯಲ್ಲಿ ಸಾಮಾನು ಕಡಿಮೆ. ಬೆಲೆ ಏರದೆ ಇರುತ್ತದೆಯೇ?

1793ರಲ್ಲಿ ಕ್ರಾಂತಿಕಾರಿ ಫ್ರಾನ್ಸ್ ಅಗತ್ಯ ವಸ್ತುಗಳಿಗೆ ಗರಿಷ್ಠ ಬೆಲೆ ಕಟ್ಟಿತು. ಯುದ್ಧದ ಖರ್ಚಿಗೆ ನೋಟು ಅಚ್ಚು ಹಾಕುವುದನ್ನು ಮಾತ್ರ ನಿಲ್ಲಿಸಲಿಲ್ಲ. ಆ ಬೆಲೆಗೆ ಮಾರಲು ಮನಸ್ಸಿಲ್ಲದೆ ರೈತರು ಧಾನ್ಯ ಬಚ್ಚಿಟ್ಟರು. 1794ರ ಡಿಸೆಂಬರ್‌ನಲ್ಲಿ ಕಾನೂನೇ ರದ್ದಾಯಿತು.

ಎರಡನೇ ಮಹಾಯುದ್ಧದಲ್ಲಿ ಅಮೆರಿಕದ್ದು ಬೇರೆ ಕಥೆ. 1942ರ ಏಪ್ರಿಲ್‌ನಲ್ಲಿ ಅಲ್ಲಿನ ಬೆಲೆ ಆಡಳಿತ ಕಚೇರಿ, ಮಾರ್ಚ್ ತಿಂಗಳ ಗರಿಷ್ಠ ಬೆಲೆಯೇ ಮಿತಿ ಎಂದಿತು. ಅಷ್ಟಕ್ಕೇ ಏರಿಕೆ ನಿಲ್ಲಲಿಲ್ಲ. 1943ರ ಏಪ್ರಿಲ್‌ನಲ್ಲಿ ಅಧ್ಯಕ್ಷ ರೂಸ್‌ವೆಲ್ಟ್ ಇನ್ನಷ್ಟು ಬಿಗಿ ಮಾಡಿದ ಮೇಲೆ ಯುದ್ಧ ಮುಗಿಯುವವರೆಗೂ ಬೆಲೆಗಳು ಹೆಚ್ಚುಕಡಿಮೆ ಹಿಡಿತದಲ್ಲಿದ್ದವು. ಆದರೆ ಅದು ಬರೀ ಆದೇಶದ ಫಲವಲ್ಲ. ಸಕ್ಕರೆ, ಮಾಂಸಕ್ಕೆ ರೇಷನ್ ಇತ್ತು. 1943ರಿಂದ ಸಂಬಳದಲ್ಲೇ ತೆರಿಗೆ ಮುರಿದುಕೊಳ್ಳುತ್ತಿದ್ದರು. ಸರ್ಕಾರ ಜನರಿಂದ ಸಾಲ ಪಡೆಯಲು ಮಾರಿದ ಯುದ್ಧ ಬಾಂಡ್‌ಗಳು ಒಂದಿಷ್ಟು ಹಣವನ್ನು ಎಳೆದುಕೊಂಡವು. ಬ್ರಿಟನ್ನಿನಲ್ಲಿ ಅರ್ಥಶಾಸ್ತ್ರಜ್ಞ ಕೇನ್ಸ್ 1940ರಲ್ಲೇ ಹೇಳಿದ್ದೂ ಇಂಥದ್ದೇ: ಸಂಬಳದ ಒಂದು ಭಾಗ ಯುದ್ಧ ಮುಗಿದ ಮೇಲೆ ಕೈಗೆ ಸಿಗಲಿ.

ಹಾಗಂತ ಅಮೆರಿಕದ ಲೆಕ್ಕವನ್ನೂ ನಾನು ಪೂರ್ತಿ ನಂಬುವುದಿಲ್ಲ. ಬೆಲೆ ಅಷ್ಟೇ ಇಟ್ಟು ಮಾಂಸದ ಜೊತೆ ಕೊಬ್ಬು ಹೆಚ್ಚು ತೂಗಿದರೆ? ಒಂದು ಬೇಕಾದರೆ ಬೇಡದ ಇನ್ನೊಂದನ್ನೂ ತಗೋ ಎಂದರೆ? ಅದೂ ಬೆಲೆ ಏರಿಕೆಯೇ. ಒಟ್ಟಾರೆ ಬೆಲೆ ಎಷ್ಟು ಏರಿತೆಂದು ಅಳೆಯುವ ಬೆಲೆ ಸೂಚ್ಯಂಕದ ಕಣ್ಣಿಗೆ ಅದು ಸರಿಯಾಗಿ ಬೀಳುವುದಿಲ್ಲ, ಅಷ್ಟೇ. ಅರ್ಥಶಾಸ್ತ್ರಜ್ಞ ಮಿಲ್ಟನ್ ಫ್ರೀಡ್‌ಮನ್ ಅವರಂಥ ಟೀಕಾಕಾರರ ಈ ತಕರಾರು ನನಗೆ ಸರಿ ಎನಿಸುತ್ತದೆ. ಆದರೆ ಯುದ್ಧದ ನಡುವೆ ಬೆಲೆ ಏರಲು ಬಿಟ್ಟರೂ ಹೊಸ ಕಾರು ಬರುತ್ತಿರಲಿಲ್ಲ. 1942ರ ಆರಂಭದಲ್ಲೇ ಜನಬಳಕೆಯ ಕಾರುಗಳ ತಯಾರಿಕೆಯನ್ನೇ ಸರ್ಕಾರ ನಿಲ್ಲಿಸಿತ್ತು.

ಯುದ್ಧ ಮುಗಿದ ಮೇಲಿನ ವರ್ಷ ಇನ್ನೂ ಮಜವಾಗಿದೆ. 1946ರ ಜೂನ್ ಕೊನೆಗೆ ನಿಯಂತ್ರಣದ ಅವಧಿ ಮುಗಿಯಿತು. ಕೂಡಿಟ್ಟ ದುಡ್ಡು ಹೊರಗೆ ಬಂತು, ಬೆಲೆ ಜಿಗಿಯಿತು. ಮಾಂಸಕ್ಕೆ ಮತ್ತೆ ಮಿತಿ ಹೇರಿದಾಗ ಸಾಕುವವರು ದನಗಳನ್ನು ಮಾರುಕಟ್ಟೆಗೇ ತರಲಿಲ್ಲ. ಅಕ್ಟೋಬರ್‌ನಲ್ಲಿ ಅಧ್ಯಕ್ಷ ಟ್ರೂಮನ್ ಆ ಮಿತಿಯನ್ನು ತೆಗೆದುಹಾಕಿದರು. ಮರು ತಿಂಗಳು ಉಳಿದ ನಿಯಂತ್ರಣಗಳಲ್ಲೂ ಹೆಚ್ಚಿನವು ಹೋದವು.