ಹಿಡಿಯುವ ಮೊದಲು ದಾರಿ ಮುಚ್ಚಿ

ಕಬಡ್ಡಿ ರೈಡರ್‌ನ ಕಾಲು ಮೂಲೆ ಕಾಯುವ ಕಾರ್ನರ್ ಆಟಗಾರನ ಕೈಗೆ ಸಿಕ್ಕಿತು, ಮತ್ತೆ ಮೂವರು ಬಂದು ಮೇಲೆ ಬಿದ್ದರು. ಆದರೂ ಅವನು ತೆವಳಿಕೊಂಡು ಹೋಗಿ ನಡುಗೆರೆ ಮುಟ್ಟಿ ಒಂದೇ ರೈಡ್‌ನಲ್ಲಿ ನಾಲ್ಕು ಪಾಯಿಂಟ್ ಒಯ್ದ. ಯಾದಗಿರಿ, ಕಲಬುರಗಿ ಜಿಲ್ಲೆಗಳ ಹಳ್ಳಿ ಟೂರ್ನಿಗಳಲ್ಲಿ ಇದು ಮತ್ತೆ ಮತ್ತೆ ಕಾಣುವ ದೃಶ್ಯ. ತೊಗರಿ ಚೀಲ ಎತ್ತಿ ಪಳಗಿದ ನಮ್ಮ ಹುಡುಗರ ತೋಳಿಗೆ ಬಲದ ಕೊರತೆಯೇನೂ ಇಲ್ಲ. ನಾಲ್ವರೂ ರೈಡರ್ ನಿಂತ ಜಾಗಕ್ಕೆ ಓಡುತ್ತಾರೆ, ಅವನು ಹೋಗಬೇಕಾದ ಜಾಗಕ್ಕೆ ಒಬ್ಬನೂ ಓಡುವುದಿಲ್ಲ. ಪಾಯಿಂಟ್ ಹೋಗುವುದು ಅಲ್ಲಿ.

ಮೊದಲು ಅಂಕಣದ ಅಳತೆ ತಲೆಯಲ್ಲಿರಲಿ. ಹಿರಿಯ ಪುರುಷರ ಅಂಕಣ 13 ಮೀಟರ್ ಉದ್ದ, ಎರಡು ಬದಿಯ ಪಟ್ಟಿಗಳಾದ ಲಾಬಿ ಸೇರಿ 10 ಮೀಟರ್ ಅಗಲ. ನಡುಗೆರೆಯಿಂದ, ರೈಡರ್ ದಾಟಲೇಬೇಕಾದ ಬಾಕ್ ಲೈನ್ 3.75 ಮೀಟರ್, ದಾಟಿದರೆ ಹೆಚ್ಚುವರಿ ಪಾಯಿಂಟ್ ಕೊಡುವ ಬೋನಸ್ ಗೆರೆ 4.75, ಕೊನೆಯ ಗೆರೆ 6.5. ಮಹಿಳೆಯರಿಗೆ ಬಾಕ್ ಲೈನ್ 3 ಮೀಟರ್, ಬೋನಸ್ 4. ಈಗ ರೈಡರ್‌ನ ಮೈ ಅಳೆಯಿರಿ. ಐದೂವರೆ ಅಡಿಯ ಹುಡುಗ ಬೋರಲು ಬಿದ್ದು ಕೈ ಚಾಚಿದರೆ ಕಾಲಿನಿಂದ ಬೆರಳ ತುದಿಯವರೆಗೆ ಎರಡು ಮೀಟರ್‌ಗಿಂತ ತುಸು ಹೆಚ್ಚು. ಬೋನಸ್ ಗೆರೆಯ ಹತ್ತಿರ ಕಾಲು ಹಿಡಿದರೆ ಬಿದ್ದ ಮೇಲೂ ಅವನಿಗೆ ಇನ್ನೂ ಎರಡೂವರೆ ಮೀಟರ್ ಉಳಿಯುತ್ತದೆ. ಅದೇ ಕಾಲನ್ನು ನಡುಗೆರೆಯಿಂದ ಎರಡು ಮೀಟರ್ ಒಳಗೆ ಹಿಡಿದರೆ, ಬೀಳುವುದೇ ಅವನಿಗೆ ಲಾಭ. ಅಲ್ಲಿ ಆಂಕಲ್ ಹೋಲ್ಡ್, ಅಂದರೆ ಪಾದದ ಗಂಟಿನ ಹಿಡಿತ ಹಾಕುವುದೆಂದರೆ ಪಾಯಿಂಟ್ ದಾನ ಮಾಡಿದಂತೆ. ಅಷ್ಟು ಹತ್ತಿರ ಬಂದವನನ್ನು ತೊಡೆ ಇಲ್ಲವೇ ಸೊಂಟಕ್ಕೆ ಹಿಡಿದು ನೆಲದಿಂದ ಎತ್ತಬೇಕು, ಅದಾಗದಿದ್ದರೆ ಬಿಟ್ಟುಬಿಡಬೇಕು.

ಕಾಲು ಹಿಡಿಯುವ ಕ್ರಮ ಹೀಗೆ. ಕಾರ್ನರ್ ಆಟಗಾರನ ಹಿಮ್ಮಡಿ ಕೊನೆಯ ಗೆರೆಯಿಂದ ಒಂದು ಅಡಿಯಾದರೂ ಮುಂದಿರಬೇಕು. ಗೆರೆಗೆ ಅಂಟಿ ನಿಂತರೆ ಎಳೆದಾಟದಲ್ಲಿ ಹೊರಗೆ ಕಾಲಿಟ್ಟು ತಾನೇ ಔಟ್ ಆಗುತ್ತಾನೆ. ರೈಡರ್ ಎದುರು ಕಾರ್ನರ್ ಕಡೆ ಮುಖ ತಿರುಗಿಸಿ, ಮೈಭಾರವನ್ನೆಲ್ಲ ಮುಂದಿನ ಕಾಲಿಗೆ ಹಾಕಿದ ಗಳಿಗೆಯಲ್ಲಿ ಹಿಂದಿನ ಕಾಲು ಹಗುರಾಗಿರುತ್ತದೆ. ಅದನ್ನೇ ಹಿಡಿಯಬೇಕು. ಒಂದು ಅಂಗೈ ಹಿಮ್ಮಡಿಯ ಹಿಂದೆ, ಇನ್ನೊಂದು ಪಾದದ ಮಣಿಗಂಟಿನ ಮುಂದೆ, ಮೊಣಕೈ ಮಡಚಿ ಪಾದವನ್ನು ಎದೆಗೆ ಎಳೆದುಕೊಳ್ಳಬೇಕು. ತಲೆ ಕಾಲಿನ ಹೊರಬದಿಗೆ ಇರಲಿ, ಒಳಬದಿಗಿದ್ದರೆ ಮೊಣಕಾಲು ದವಡೆಗೆ ಬಡಿಯುತ್ತದೆ. ಕೈ ಉದ್ದಕ್ಕೆ ಚಾಚಿ ಬೆರಳಲ್ಲಿ ಹಿಡಿದವನು ಒಂದೇ ಒದೆತಕ್ಕೆ ಬಿಡುತ್ತಾನೆ. ಜರ್ಸಿ, ಕೂದಲು ಹಿಡಿದರೆ ಹಿಡಿತವೇ ಲೆಕ್ಕಕ್ಕಿಲ್ಲ.

ಆದರೆ ಪಾಯಿಂಟ್ ತರುವವನು ಕಾರ್ನರ್‌ಗಿಂತ ಒಳಗೆ ನಿಲ್ಲುವ ಕವರ್ ಆಟಗಾರ. ಕಾರ್ನರ್ ಕಾಲು ಹಿಡಿದ ಕ್ಷಣದಲ್ಲಿ ಅವನ ಮೊದಲ ಹೆಜ್ಜೆ ರೈಡರ್ ಕಡೆಗೆ ಬೀಳಬಾರದು. ರೈಡರ್‌ಗೂ ನಡುಗೆರೆಗೂ ನಡುವಿನ ಖಾಲಿ ಜಾಗಕ್ಕೆ ಓರೆಯಾಗಿ ಬೀಳಬೇಕು. ಎರಡನೇ ಹೆಜ್ಜೆಗೆ ಎದೆ ರೈಡರ್‌ನ ಎದೆಗೆ, ಸೊಂಟ ತಗ್ಗಿ, ಕಾಲು ಭುಜದಗಲ. ಹಿಂದಿನಿಂದ ಬಂದು ಕಾರ್ನರ್‌ನ ಬೆನ್ನ ಮೇಲೆ ಬೀಳುವ ಕವರ್, ತನ್ನವನನ್ನೇ ಅದುಮಿ ಎದುರಾಳಿಗೆ ಮುಂದಿನ ದಾರಿ ತೆರೆದುಕೊಡುತ್ತಾನೆ. ಸುತ್ತ ನಿಂತ ಜನ 'ಹಿಡೀರಿ, ಬಿಡಬ್ಯಾಡ್ರಿ!' ಎಂದು ಕೂಗುವಾಗ ಕಾಲುಗಳು ತಾವಾಗಿಯೇ ಆ ತಪ್ಪು ದಿಕ್ಕಿಗೆ ಓಡುತ್ತವೆ. ಅಭ್ಯಾಸದಲ್ಲಿ ಕೆತ್ತಿ ತೆಗೆಯಬೇಕಾದ ಚಾಳಿ ಇದು.

ಈ ನೆಲದ ಬೇಟೆಗಾರರಿಗೆ ಈ ಕ್ರಮ ಹೊಸದಾಗಿರಲಿಲ್ಲ. ಬಲೆ ಬೇಟೆಯಲ್ಲಿ ಮೊದಲು ಕಣಿವೆಯ ಬಾಯಿಗೆ ಸದ್ದಿಲ್ಲದೆ ಬಲೆ ಕಟ್ಟುತ್ತಿದ್ದರು, ಪ್ರಾಣಿಗೆ ವಾಸನೆ ಸಿಗದಂತೆ ಗಾಳಿಯ ದಿಕ್ಕು ನೋಡಿ ಕೂರುತ್ತಿದ್ದರು. ಆಮೇಲೆ ಎದುರು ಬದಿಯಿಂದ ಹಲಗೆ ಬಡಿದು ಕೂಗೆಬ್ಬಿಸಿ ಅಟ್ಟುತ್ತಿದ್ದರು. ಸದ್ದು ಮೊದಲಾಗಿ ಬಲೆ ಆಮೇಲಾದರೆ ಆ ದಿನ ಬರಿಗೈ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಈಗ ಬೇಟೆಗೆ ಅವಕಾಶವಿಲ್ಲ, ಇರಲೂ ಬಾರದು. ಉಳಿಸಿಕೊಳ್ಳಬೇಕಾದದ್ದು ಆ ಕ್ರಮವನ್ನು: ಮೊದಲು ತಡೆ, ಆಮೇಲೆ ಅಟ್ಟುವುದು.

ದಾರಿ ಮುಚ್ಚದೆ ಹೋದರೆ ಏನಾಗುತ್ತದೆ ಎಂಬುದಕ್ಕೆ ಸುರಪುರದ ಹತ್ತಿರದ ವಾಗಣಗೇರಾ ಸಾಕು. 1705ರಲ್ಲಿ ಔರಂಗಜೇಬ ತಾನೇ ಬಂದು ಬೇಡ ನಾಯಕರ ಈ ಕೋಟೆಗೆ ಮುತ್ತಿಗೆ ಹಾಕಿದ. ಅವನ ಬದುಕಿನ ಕೊನೆಯ ಮುತ್ತಿಗೆ ಅದು. ಫೆಬ್ರವರಿಯಲ್ಲಿ ಶುರುವಾದದ್ದು ಮುಗಿದದ್ದು ಏಪ್ರಿಲ್ ಕೊನೆಗೆ. ತೋಪು, ಸೈನ್ಯ ಎಲ್ಲದರಲ್ಲೂ ಮೊಘಲರ ಕೈ ಮೇಲಿತ್ತು. ಆದರೆ ಹೊರಗಿನ ದಾರಿಗಳು ಅವರ ಹಿಡಿತದಲ್ಲಿರಲಿಲ್ಲ. ಧನಾಜಿ ಜಾಧವನ ಮರಾಠಾ ಕುದುರೆ ದಂಡು ನೆರವಿಗೆ ಬಂತು. ಕೋಟೆಯ ಒಡೆಯ ಪಿಡ್ಡನಾಯಕ ಸಂಧಿಯ ಮಾತಾಡುತ್ತ ದಿನ ದೂಡಿದ. ಕೊನೆಗೆ ಮೊಘಲ್ ಸೇನಾನಿ ಜುಲ್ಫಿಕರ್ ಖಾನ್ ಬಂದು, ಒಳಗಿನವರು ನೀರು ಸೇದುತ್ತಿದ್ದ ಬಾವಿಗಳನ್ನು ವಶಪಡಿಸಿಕೊಂಡ ಮೇಲೆ ಮುತ್ತಿಗೆಗೆ ಬಿಗಿ ಬಂತು. ಆಗಲೂ ಹಿಂಬದಿ ತೆರೆದೇ ಇತ್ತು. ನಾಯಕ ತನ್ನವರೊಂದಿಗೆ ರಾತ್ರೋರಾತ್ರಿ ಹೊರಟುಹೋದ. ಮೊಘಲರ ಕೈಗೆ ಸಿಕ್ಕಿದ್ದು ಉರಿಯುತ್ತಿದ್ದ ಕೋಟೆ. ಕಬಡ್ಡಿಯ ಮಾತಲ್ಲಿ ಹೇಳುವುದಾದರೆ ಕಾರ್ನರ್ ಕಾಲು ಹಿಡಿದ, ಕವರ್ ಬರಲಿಲ್ಲ.

ಕ್ಯಾಪ್ಟನ್‌ಗೆ ಇಲ್ಲಿ ಒಂದೇ ಕೆಲಸ: ಯಾವಾಗ ಹಿಡಿಯಬೇಕೆಂದು ಒಬ್ಬನೇ ಹೇಳುವುದು. ಏಳು ಬಾಯಿ ಕೂಗಿದರೆ ಏಳು ನಿರ್ಧಾರ. ಆಟಗಾರರು ಕೈಕೈ ಹಿಡಿದು ನಿಂತ ಚೈನ್‌ನಲ್ಲಿ ಬಾಯಿಯೂ ಬೇಡ. ಒಮ್ಮೆ ಕೈ ಅದುಮಿದರೆ 'ತಡಿ', ಎರಡು ಸಲ ಅದುಮಿದರೆ 'ನುಗ್ಗು'. ಬಾಯಿಬಿಟ್ಟು ಹೇಳಿದ್ದು ರೈಡರ್‌ಗೂ ಕೇಳಿಸುತ್ತದೆ ಎಂಬುದು ನೆನಪಿರಲಿ. ಒಳಗೆ ಆರು ಅಥವಾ ಏಳು ಜನರಿದ್ದಾಗ ಬೋನಸ್ ಉಂಟು, ರೈಡರ್ ಗೆರೆ ದಾಟಲು ಕಾಲು ಚಾಚುತ್ತಾನೆ. ಕಾಲು ಹಿಡಿಯಲು ಅದೇ ಹೊತ್ತು. ಐವರಿಗೆ ಇಳಿದ ಮೇಲೆ ಆ ಆಸೆ ಅವನಿಗಿಲ್ಲ, ಆಳಕ್ಕೆ ಬರುವುದಿಲ್ಲ. ಆಗ ಬೆನ್ನಟ್ಟಬೇಡಿ. ಮೂವರು ಅಥವಾ ಅದಕ್ಕಿಂತ ಕಡಿಮೆ ಉಳಿದಾಗ ಹಿಡಿದರೆ ಎರಡು ಪಾಯಿಂಟ್ ಸಿಗುತ್ತದೆ. ಆ ಆಸೆಗೆ ಅವಸರ ಮಾಡಿ ಎಲ್ಲರೂ ಔಟಾಗಿ ಆಲೌಟ್ ಆದರೆ, ಅದಕ್ಕೆ ಸಿಗುವ ಲೋನಾ ಎಂಬ ಎರಡು ಹೆಚ್ಚುವರಿ ಪಾಯಿಂಟ್ ಎದುರಾಳಿಗೆ ಹೋಗುತ್ತದೆ.

ಕೊನೆಯ ಮೂರು ನಿಮಿಷದ ಲೆಕ್ಕವನ್ನೂ ಪಂದ್ಯಕ್ಕೆ ಮುಂಚೆಯೇ ಹಾಕಿಡಿ. ನೀವು ಎರಡು ಪಾಯಿಂಟ್ ಮುಂದಿದ್ದೀರಿ ಅನ್ನಿ. ನಿಮ್ಮ ರೈಡರ್ 30 ಸೆಕೆಂಡ್ ಪೂರ್ತಿ ಬಳಸುತ್ತಾನೆ, ಹಿಂದಿರುವವರು ಹತ್ತು ಸೆಕೆಂಡಿಗೇ ವಾಪಸಾಗುತ್ತಾರೆ. ಅಂದರೆ ನಿಮಗೆ ನಾಲ್ಕು ಅಥವಾ ಐದು ರೈಡ್ ಬರುತ್ತವೆ. ಎರಡು ಖಾಲಿ ಹೋದರೆ ಮೂರನೆಯದರಲ್ಲಿ ಪಾಯಿಂಟ್ ತರಲೇಬೇಕೆಂಬ ನಿಯಮವಿರುವ ಟೂರ್ನಿಯಲ್ಲಿ ಸುಮ್ಮನೆ ಕಾಲ ಕಳೆಯುವವನು ಮೂರನೆಯದಕ್ಕೆ ಸಿಕ್ಕಿಬೀಳುತ್ತಾನೆ. ಮೊದಲ ಎರಡರಲ್ಲಿ ಬೋನಸ್ ತೆರೆದಿದ್ದರೆ ತೆಗೆದುಕೊಂಡುಬಿಡಿ, ಎಣಿಕೆ ಮತ್ತೆ ಒಂದರಿಂದ ಶುರುವಾಗುತ್ತದೆ.

ಅಭ್ಯಾಸಕ್ಕೆ ಬೇಕಾದದ್ದು ಒಂದು ಬೊಗಸೆ ಸುಣ್ಣದ ಪುಡಿ. ನಡುಗೆರೆಯಿಂದ ಎರಡು ಮೀಟರ್‌ಗೆ ಇನ್ನೊಂದು ಗೆರೆ ಎಳೆಯಿರಿ. ಒಬ್ಬ ರೈಡರ್, ಒಬ್ಬ ಕಾರ್ನರ್, ಒಬ್ಬ ಕವರ್. ಮೊದಲ ಹತ್ತು ಸಲ ನಡಿಗೆಯ ವೇಗದಲ್ಲಿ, ಮುಂದಿನ ಹತ್ತು ಅರ್ಧ ವೇಗದಲ್ಲಿ, ಆಮೇಲೆ ಹತ್ತು ಪೂರ್ತಿ ವೇಗದಲ್ಲಿ. ನಂತರ ಬದಿ ಬದಲಿಸಿ. ಕಾರ್ನರ್ ಹಿಡಿದ ಕೂಡಲೇ ಕೋಚ್ 'ಒಂದು' ಎನ್ನಬೇಕು, ಆ ಮಾತು ಮುಗಿಯುವುದರೊಳಗೆ ಕವರ್‌ನ ಒಂದು ಪಾದ ಸುಣ್ಣದ ಗೆರೆಗೂ ರೈಡರ್‌ಗೂ ನಡುವೆ ಬಿದ್ದಿರಬೇಕು. ಬೀಳದಿದ್ದರೆ ರೈಡರ್ ಪಾರಾದಂತೆ ಎಣಿಸಿ, ಅವನು ಸಿಕ್ಕಿದ್ದರೂ ಸರಿ. ವಾರಕ್ಕೆ ಮೂರು ದಿನ ಸಾಕು. ಎರೆಮಣ್ಣಿನ ಮೇಲೆ ಮಾತ್ರ ಇದನ್ನು ಮಾಡಿಸಬೇಡಿ. ಬೇಸಿಗೆಯಲ್ಲಿ ಅದು ಬಿರುಕು ಬಿಟ್ಟು ಕಾಲು ಉಳುಕುತ್ತದೆ, ಮಳೆಗೆ ಅಂಟುತ್ತದೆ. ಮರಳು ಬೆರೆಸಿದ ಕೆಂಪು ಮಣ್ಣು ಹರಡಿ, ಕಲ್ಲು ಆರಿಸಿ, ಹಿಂದಿನ ಸಂಜೆಯೇ ನೀರು ಹೊಡೆಸಿಡಿ.