ರಾಜನಿಂದ ಪದಕ, ಮರುವರ್ಷ ರಾಜನ ವಿರುದ್ಧವೇ ಕೆಲಸ

ಮಾರ್ಟಿನ್ ಡಾಯ್ಲ್ ಐರ್ಲೆಂಡ್‌ನ ವೆಕ್ಸ್‌ಫರ್ಡ್ ಕೌಂಟಿಯವನು. 1909ರಲ್ಲಿ, ಇನ್ನೂ ಹದಿಹರೆಯದ ಹುಡುಗನಾಗಿದ್ದಾಗಲೇ ಬ್ರಿಟಿಷ್ ಸೈನ್ಯ ಸೇರಿದ. ಆಗ ಐರ್ಲೆಂಡ್ ಬ್ರಿಟನ್ ಆಳ್ವಿಕೆಯಲ್ಲಿತ್ತು, ಹಾಗಾಗಿ ಅಲ್ಲಿ ಇದು ಹೊಸದೇನಲ್ಲ. ತಿಂಗಳ ಸಂಬಳ, ಹೊಟ್ಟೆಗೆ ಊಟ ಸಿಗುತ್ತದೆ ಅಂತ ಐರಿಷ್ ಹುಡುಗರು ತಲೆಮಾರುಗಳಿಂದ ಸೇರುತ್ತಲೇ ಇದ್ದರು.

ಅವನು ಕೆಲಕಾಲ ಇದ್ದ ರಾಯಲ್ ಡಬ್ಲಿನ್ ಫ್ಯುಸಿಲಿಯರ್ಸ್ ಪಲ್ಟಣದ ಮೂಲ ಈಸ್ಟ್ ಇಂಡಿಯಾ ಕಂಪನಿಯ ಮದ್ರಾಸ್, ಬಾಂಬೆ ಪಡೆಗಳಲ್ಲಿತ್ತು. ಹಾಗಾಗಿ ಅದರ ಯುದ್ಧಗೌರವಗಳ, ಅಂದರೆ ಹೆಸರು ಮಾಡಿದ ಕಾಳಗಗಳ, ಪಟ್ಟಿಯಲ್ಲಿ ನಮ್ಮ ನಂದಿದುರ್ಗದ ಹೆಸರೂ ಇತ್ತು! 1791ರಲ್ಲಿ ಟಿಪ್ಪುವಿನ ಕೈಯಿಂದ ಇಂಗ್ಲಿಷರು ಕಿತ್ತುಕೊಂಡ ಕೋಟೆ ಅದು. ಭಾನುವಾರ ಮಂಜು ನೋಡಲು ಬೆಟ್ಟ ಹತ್ತುವವರು ಇದನ್ನೆಲ್ಲಿ ಯೋಚಿಸುತ್ತಾರೆ, ಬಿಡಿ.

1914ರಲ್ಲಿ ಮಹಾಯುದ್ಧ ಶುರುವಾಯಿತು. ಐರ್ಲೆಂಡ್‌ಗೆ ಸ್ವಂತ ಸರ್ಕಾರ ಕೊಡುವ ಕಾನೂನು ಪಾಸಾಗಿತ್ತು. ಆದರೆ ಯುದ್ಧ ಮುಗಿಯಲಿ ಅಂತ ಅದನ್ನು ತಡೆಹಿಡಿದರು. ಬ್ರಿಟನ್ ಪರ ಹೋರಾಡಿ, ಮಾತು ಉಳಿಸಿಕೊಳ್ಳುತ್ತಾರೆ ಎಂದು ನಾಯಕ ಜಾನ್ ರೆಡ್ಮಂಡ್ ಜನರನ್ನು ಹುರಿದುಂಬಿಸಿದರು. ಯುದ್ಧ ಮುಗಿಯುವ ಹೊತ್ತಿಗೆ ಸುಮಾರು 2 ಲಕ್ಷ ಐರಿಷರು ಸೈನ್ಯದಲ್ಲಿ ದುಡಿದಿದ್ದರು. ಈ ನಡುವೆ 1916ರ ಈಸ್ಟರ್‌ನಲ್ಲಿ ಡಬ್ಲಿನ್‌ನಲ್ಲಿ ದಂಗೆ ಎದ್ದಿತು. ನಾಯಕರನ್ನು ಬ್ರಿಟಿಷರು ಸಾಲಾಗಿ ಗುಂಡಿಟ್ಟು ಕೊಂದರು. ಜನರ ಮನಸ್ಸು ತಿರುಗಿದ್ದು ಆಗ.

ಡಾಯ್ಲ್ ಮಾತ್ರ ಇನ್ನೂ ಬ್ರಿಟಿಷ್ ಸಮವಸ್ತ್ರದಲ್ಲೇ ಇದ್ದ. 1918ರ ಸೆಪ್ಟೆಂಬರ್ 2ರಂದು ಫ್ರಾನ್ಸಿನ ರಿಯಾಂಕೂರ್ ಬಳಿ ಕಾಳಗ. ಆಗ ಅವನು ರಾಯಲ್ ಮನ್‌ಸ್ಟರ್ ಫ್ಯುಸಿಲಿಯರ್ಸ್‌ನಲ್ಲಿ ಸಾರ್ಜೆಂಟ್ ಮೇಜರ್. ಅಧಿಕಾರಿಗಳು ಸತ್ತೋ ಗಾಯಗೊಂಡೋ ಬಿದ್ದಿದ್ದರಿಂದ ಇಡೀ ತುಕಡಿಯ ಹೊಣೆ ಅವನ ಹೆಗಲಿಗೆ ಬಿತ್ತು. ಶತ್ರುಗಳ ನಡುವೆ ಸಿಕ್ಕಿಬಿದ್ದಿದ್ದ ತನ್ನವರನ್ನು ಬಿಡಿಸಿದ. ಗಾಯಗೊಂಡ ಅಧಿಕಾರಿಯನ್ನು ಗುಂಡಿನ ಮಳೆಯಲ್ಲೇ ಹೊತ್ತು ತಂದ. ಆಮೇಲೆ ಒಂದು ಟ್ಯಾಂಕ್ ಕಷ್ಟಕ್ಕೆ ಸಿಕ್ಕಿತು. ಜರ್ಮನರು ಅದರೊಳಗೆ ನುಗ್ಗಲು ನೋಡುತ್ತಿದ್ದರು. ಅವರನ್ನು ಓಡಿಸಿದ. ಹತ್ತಿರದಿಂದಲೇ ಟ್ಯಾಂಕಿನ ಮೇಲೆ ಗುಂಡು ಸುರಿಸುತ್ತಿದ್ದ ಮಷಿನ್ ಗನ್ ಕಡೆಗೆ ಒಬ್ಬನೇ ಓಡಿ, ಗನ್ನಿನ ಜೊತೆ ಮೂವರನ್ನು ಸೆರೆ ಹಿಡಿದ. ಮತ್ತೊಬ್ಬ ಗಾಯಾಳುವನ್ನು ಹೊತ್ತು ತಂದ. ಇಷ್ಟೂ ಒಂದೇ ದಿನದ ಕೆಲಸ. ಇದಕ್ಕೆ ಬ್ರಿಟನ್ನಿನ ಅತಿ ದೊಡ್ಡ ಶೌರ್ಯ ಪದಕ ವಿಕ್ಟೋರಿಯಾ ಕ್ರಾಸ್ ಬಂತು. 1919ರಲ್ಲಿ ರಾಜ ಐದನೇ ಜಾರ್ಜ್ ಅದನ್ನು ಕೊಟ್ಟ.

ಅದೇ ವರ್ಷ ಡಾಯ್ಲ್ ಸೈನ್ಯದಿಂದ ಹೊರಬಂದ. ಅಷ್ಟರಲ್ಲಿ ಐರ್ಲೆಂಡ್‌ನಲ್ಲಿ ಸ್ವಾತಂತ್ರ್ಯ ಯುದ್ಧ ಶುರುವಾಗಿತ್ತು. 1920ರಲ್ಲಿ ಅವನು ಬ್ರಿಟಿಷರ ವಿರುದ್ಧ ಹೋರಾಡುತ್ತಿದ್ದ ಐರಿಷ್ ಗೆರಿಲ್ಲಾ ಪಡೆ ಐಆರ್‌ಎ ಸೇರಿ, ಕ್ಲೇರ್ ಕೌಂಟಿಯಲ್ಲಿ ಗುಪ್ತ ಮಾಹಿತಿ ಕಲೆಹಾಕುವ ಕೆಲಸಕ್ಕಿಳಿದ. ಬ್ರಿಟಿಷ್ ಪದಕ ಇದ್ದವನ ಮೇಲೆ ಯಾರಿಗೆ ಅನುಮಾನ ಬರುತ್ತೆ, ಅಲ್ವಾ? ಹೀಗೆ ಬಂದವನು ಅವನೊಬ್ಬನೇ ಅಲ್ಲ. ಕಾರ್ಕ್ ಕೌಂಟಿಯ ಗೆರಿಲ್ಲಾ ನಾಯಕ ಟಾಮ್ ಬ್ಯಾರಿ ಕೂಡ ಬ್ರಿಟಿಷ್ ಫಿರಂಗಿ ದಳದಲ್ಲಿದ್ದವನೇ.

ಯುದ್ಧ ನಿಲ್ಲಿಸಲು ಬ್ರಿಟನ್ ಜೊತೆ ಒಪ್ಪಂದವಾಯಿತು. 1922ರಲ್ಲಿ ಅದರ ಪರ ಮತ್ತು ವಿರುದ್ಧ ಅಂತ ಐರಿಷರೇ ಬಡಿದಾಡಿಕೊಂಡರು. ಡಾಯ್ಲ್ ಒಪ್ಪಂದದ ಪರವಿದ್ದ ಹೊಸ ಐರಿಷ್ ಸರ್ಕಾರದ ಸೈನ್ಯದಲ್ಲಿದ್ದ. ಅದೇ ವರ್ಷ ಜುಲೈನಲ್ಲಿ ಬ್ರಿಟನ್ ಅವನ ಹಳೆಯ ಪಲ್ಟಣಗಳನ್ನೆಲ್ಲ ವಿಸರ್ಜಿಸಿತು. ಮುಂದೆ ಹಲವು ವರ್ಷ ಅವನು ಐರಿಷ್ ಸೈನ್ಯದಲ್ಲೇ ಕಳೆದ. ನಿವೃತ್ತಿಯ ಮೇಲೆ ಡಬ್ಲಿನ್‌ನ ಗಿನ್ನೆಸ್ ಕಾರ್ಖಾನೆಯಲ್ಲಿ ಕೆಲಸ ಹಿಡಿದ. 1940ರ ನವೆಂಬರ್‌ನಲ್ಲಿ ತೀರಿಕೊಂಡ. ಮಣ್ಣು ಮಾಡಿದ್ದು ಬ್ರಿಟಿಷರು ತಮ್ಮ ಸೈನಿಕರಿಗಾಗಿ ಮಾಡಿದ್ದ ಗ್ರ್ಯಾಂಜ್‌ಗೋರ್ಮನ್ ಸ್ಮಶಾನದಲ್ಲಿ.

ಇಂಥವನನ್ನು ದ್ರೋಹಿ ಅಂತಲೋ ಪಕ್ಷಾಂತರಿ ಅಂತಲೋ ಕರೆಯುವುದು ಸುಲಭ. ನನಗೇನೋ ಅವನಿಗಿಂತ ಜಾಸ್ತಿ ಬದಲಾಗಿದ್ದು ದೇಶವೇ ಅನಿಸುತ್ತದೆ. ಅವನು ಸೈನ್ಯ ಸೇರಿದಾಗ ಊರಲ್ಲಿ ಯಾರೂ ತಪ್ಪೆನ್ನಲಿಲ್ಲ. ಹತ್ತು ವರ್ಷದ ಮೇಲೆ ಅದೇ ಕೆಲಸ ಮುಜುಗರದ ವಿಷಯವಾಗಿತ್ತು. ಹೊಸ ದೇಶಕ್ಕೆ ದಂಗೆಯ ವೀರರು ಬೇಕಿದ್ದರು, ಫ್ರಾನ್ಸಿನ ಕಂದಕಗಳಲ್ಲಿ ಸತ್ತವರು ಬೇಕಿರಲಿಲ್ಲ. ಸತ್ತವರ ನೆನಪಿಗೆ ಡಬ್ಲಿನ್‌ನ ಐಲೆಂಡ್‌ಬ್ರಿಜ್‌ನಲ್ಲಿ 1930ರ ದಶಕದಲ್ಲಿ ಸ್ಮಾರಕ ಉದ್ಯಾನ ಕಟ್ಟಿದರು. ಅದೂ ಮುಂದೆ ಪಾಳುಬಿದ್ದು ಕಸ ಸುರಿಯುವ ಜಾಗವಾಯಿತು. ರಿಪೇರಿ ಮಾಡಿ ಮತ್ತೆ ತೆರೆದಿದ್ದು 1980ರ ದಶಕದ ಕೊನೆಗೆ. 2011ರಲ್ಲಿ ಐದನೇ ಜಾರ್ಜ್‌ನ ಮೊಮ್ಮಗಳು ರಾಣಿ ಎಲಿಜಬೆತ್ ಮತ್ತು ಐರ್ಲೆಂಡ್ ಅಧ್ಯಕ್ಷೆ ಮೇರಿ ಮ್ಯಾಕ್‌ಅಲೀಸ್ ಅಲ್ಲಿ ಒಟ್ಟಿಗೆ ಹೂಗುಚ್ಛ ಇಟ್ಟರು. ಅದರ ಹಿಂದಿನ ದಿನ ಬ್ರಿಟನ್ ವಿರುದ್ಧ ಹೋರಾಡಿ ಸತ್ತವರ ಸ್ಮಾರಕಕ್ಕೂ ರಾಣಿ ತಲೆಬಾಗಿದ್ದಳು. ಡಾಯ್ಲ್ ಎರಡೂ ಕಡೆಗೆ ಸೇರಿದವನು.